ಮೂರನೆಯ ಚರಣ

ಡ್ರೈಯರ್‌ನೊಳಗೆ ಯಾವುದೋ ಅಂಗಿಯ ಗುಂಡಿ ಟಕ್, ಟಕ್ ಎಂದು ಬಡಿಯುತ್ತಲೇ ಇತ್ತು. ದುಬೈನ ಅಲ್ ಕೂಜ್‌ನ ಲಾಂಡ್ರಿಯಲ್ಲಿ ಹದಿನೆಂಟು ವರ್ಷ ಆ ಸದ್ದಿನ ನಡುವೆಯೇ ಕಳೆದ ಲೂರ್ದ್‌ಗೆ ಇವತ್ತು ಅದನ್ನು ಸಹಿಸಲಾಗಲಿಲ್ಲ. ಒಂದೇ ಚಾದರವನ್ನು ಮೂರು ಸಲ ಮಡಚಿದಳು, ಬಿಡಿಸಿದಳು. ಸಂಜೆ ಅವಳ ಊರಿನವನೇ ಆದ ಕ್ಲೈವ್‌ನ ಮಗಳ ರೋಸ್. ಮದುವೆಯ ಮುನ್ನಾದಿನ ವಧುವಿಗೆ ತೆಂಗಿನಹಾಲು ಹಚ್ಚುವ ಆ ಶಾಸ್ತ್ರದಲ್ಲಿ ಲೂರ್ದ್ ಹಾಡಬೇಕು. ವಧುವಿನ ಜ್ಞಾನಸ್ನಾನದ ಧರ್ಮಮಾತೆಯಾಗಿ ಊರಿನಿಂದ ಬಂದವಳು ಲೂರ್ದ್‌ಳ ಸ್ವಂತ ಅಕ್ಕ, ಪ್ರಫುಲ್ಲಾ.

ಇಪ್ಪತ್ತೆರಡು ವರ್ಷದ ಹಿಂದೆ, ದುಬೈನದೇ ಸತ್ವಾ ಬಡಾವಣೆಯ ಒಂದು ಕೋಣೆಯಲ್ಲಿ, ಹೊರಗಿನ ಸದ್ದು ಬಾರದಂತೆ ಕಿಟಕಿಗೆ ಕಂಬಳಿ ಕಟ್ಟಿ, ಎಸಿ ಆರಿಸಿ, ಬೆವರುತ್ತಾ ಲೂರ್ದ್ ಎಂಟು ಕೊಂಕಣಿ ಹಾಡುಗಳ ಸಿಡಿ ಮಾಡಿದ್ದಳು. ಅದರಲ್ಲೊಂದು ಅಮ್ಮನ ಹಾಡು. ಮೊದಲೆರಡು ಚರಣಗಳಲ್ಲಿ ಅಮ್ಮನ ಕೈ, ಅಮ್ಮನ ಗಂಜಿ. ಮೂರನೆಯದು ತಪ್ಪೊಪ್ಪಿಗೆ: ಅಮ್ಮ ಸಾಯುತ್ತಿದ್ದ ಸಂಜೆ ಊರಿನಿಂದ ಫೋನ್ ಬಂತು, ನಾನು ಸ್ಟೇಜ್ ಹತ್ತುವವಳಿದ್ದೆ, ನೋಡಿಯೂ ಎತ್ತಲಿಲ್ಲ. ಫೋನ್ ಮಾಡಿದ್ದು ಪ್ರಫುಲ್ಲಾ. ಅವಳಿಗೆ ಮಾತ್ರ ಲೂರ್ದ್ "ಫೋನ್ ಆಫ್ ಆಗಿತ್ತು" ಎಂದು ಸುಳ್ಳು ಹೇಳಿದ್ದಳು. ಸಿಡಿಯನ್ನೂ ಕಳಿಸಲಿಲ್ಲ.

ಹಾಡು ತನ್ನ ಪಾಡಿಗೆ ಊರೂರು ಸುತ್ತಿತು. ದುಬೈ, ಅಬುಧಾಬಿ, ಮಂಗಳೂರು, ವಧುವನ್ನು ಕೂರಿಸಿದಲ್ಲೆಲ್ಲ ಅದೇ. ಆದರೆ ಎರಡೇ ಚರಣ. ಮೂರನೆಯದು ಮದುವೆಮನೆಗೆ ಹೊಂದದೆಂದು ಜನ ಬಿಟ್ಟರು, ಬರಬರುತ್ತಾ ಮರೆತರು. ಕರೆದ ಕಡೆಗೆಲ್ಲ ಏನೋ ನೆಪ ಹೇಳಿ ಲೂರ್ದ್ ತಪ್ಪಿಸಿಕೊಂಡಿದ್ದಳು. ಈ ಸಲ ಅಕ್ಕನೇ ಬರುತ್ತಾಳೆಂದಾಗ ಇಲ್ಲವೆನ್ನಲಾಗಲಿಲ್ಲ.

ಅಲ್ ಬರ್ಷಾದ ಹಾಲ್‌ನಲ್ಲಿ ಕ್ಲೈವ್ ಮೈಕ್ ಹಿಡಿದೇ ಎದುರಾದ.

"ಬಂದ್ರಾ ಲೂರ್ದ್ ಬಾಯಿ! ಇಲ್ಲದಿದ್ರೆ ನಾನೇ ಹಾಡ್ತಿದ್ದೆ, ಗಂಡಿನ ಕಡೆಯವರು ಮದುವೆಯೇ ಬೇಡ ಅಂತಿದ್ರು."

"ಪೂರ್ತಿ ಹಾಡ್ಲಾ ಕ್ಲೈವ್?"

"ಪೂರ್ತಿಯೇ! ಎರಡೂ ಚರಣ."

"ಮೂರುಂಟು."

"ಎಂತ ಮೂರು ಮಾರಾಯ್ರೆ? ನನ್ನ ಮೂವರು ತಂಗಿಯರ ರೋಸಿಗೂ ಅದನ್ನೇ ಹಾಡಿದ್ದು. ನನಗೇ ಕಲಿಸ್ತೀರಾ?" ಅವನು ನಕ್ಕ. "ಇದು ನಿಮ್ಮ ಅಕ್ಕನದ್ದೇ ಆಸೆ, ಗೊತ್ತುಂಟಾ? 'ಅಮ್ಮನ ಹಾಡನ್ನು ತಂಗಿಯ ಬಾಯಲ್ಲೇ ಒಮ್ಮೆ ಕೇಳ್ಬೇಕು' ಅಂದ್ರು."

ಹಾಲ್‌ನ ಆ ತುದಿಯಲ್ಲಿ ಪ್ರಫುಲ್ಲಾ ಸೆರಗು ಸಿಕ್ಕಿಸಿಕೊಂಡು ತೆಂಗಿನಹಾಲು ಹಿಂಡುತ್ತಿದ್ದಳು. ಎರಡೇ ಚರಣ ಹಾಡಿದರೆ ಅದು ಇನ್ನೊಂದು ಸುಳ್ಳು. ಮೂರನ್ನೂ ಮೈಕಿನಲ್ಲಿ ಹಾಡಿದರೆ, ಇನ್ನೂರು ಜನರ ನಡುವೆ ಅಕ್ಕನಿಗೆ ಬಯ್ಯಲೂ ಅಳಲೂ ಜಾಗವಿರುವುದಿಲ್ಲ.

"ಕೀಬೋರ್ಡಿನವನಿಗೆ ಶ್ರುತಿ ಹೇಳಿಬಿಡಿ ಲೂರ್ದ್ ಬಾಯಿ, ಎರಡನೇ ಚರಣ ಆದ ಕೂಡ್ಲೇ ಬ್ಯಾಂಡ್‌ನವರು..."

ಕ್ಲೈವ್ ಇನ್ನೂ ಹೇಳುತ್ತಲೇ ಇದ್ದ. ಮೈಕ್ ಮುಟ್ಟುವ ಮೊದಲೇ ಮೂರನೆಯ ಚರಣವನ್ನು ಅಕ್ಕನೊಬ್ಬಳಿಗೇ ಹೇಳಲು ಲೂರ್ದ್ ಅವಳ ಕಡೆಗೆ ನಡೆದುಬಿಟ್ಟಳು.