ಸರ್ ಮನೆಗೆಂದು ಕಟ್ಟಿದ ಬುತ್ತಿ

ಗೆಳತಿಯ ಅವ್ವ ಬುತ್ತಿ ಕಟ್ಟುತ್ತಿದ್ದ ಬಟ್ಟೆ ನನ್ನ ನೆನಪಿನಲ್ಲಿ ಹಸಿರು. ಗೆಳತಿ ಹಳದಿ ಅನ್ನುತ್ತಾಳೆ. ಇಷ್ಟು ಸಣ್ಣದರಲ್ಲೇ ನಾನು ತಪ್ಪುವುದಾದರೆ ಉಳಿದದ್ದನ್ನು ಎಷ್ಟು ನಂಬಬೇಕೋ ತಿಳಿಯದು. ಆದರೆ ಆ ಬುತ್ತಿಯ ರೊಟ್ಟಿಯನ್ನು ನಾನು ತಿಂದಿದ್ದೇನೆ. ಅದರಲ್ಲಿ ಅನುಮಾನವಿಲ್ಲ.

ನಾವಿಬ್ಬರೂ ವಿಶ್ವವಿದ್ಯಾಲಯದ ಹಾಸ್ಟೆಲಿನಲ್ಲಿ ಒಂದೇ ಕೋಣೆಯವರು, ಬೇರೆ ಬೇರೆ ವಿಭಾಗದಲ್ಲಿ ಪಿಎಚ್.ಡಿ. ಮಾಡುತ್ತಿದ್ದವರು. ನಾನು ಆಳಂದದವಳು. ಅವಳದು ಅಫಜಲಪುರ ತಾಲೂಕು, ಚೌಡಾಪುರದಲ್ಲಿಳಿದು ಒಳಗೆ ಹೋಗಬೇಕಾದ ಹಳ್ಳಿ. ಊರಿಗೆ ಹೋಗಿಬಂದಾಗಲೆಲ್ಲ ಅವಳು ಎರಡು ಗಂಟು ತರುತ್ತಿದ್ದಳು: ಒಂದು ನಮಗೆ, ಇನ್ನೊಂದು ಅವಳ ಗೈಡ್ ಸರ್ ಮನೆಗೆ. ಸಜ್ಜಿಯ ಕಡಕ್ ರೊಟ್ಟಿ, ಸ್ಟೀಲ್ ಡಬ್ಬಿಯಲ್ಲಿ ನಾವು ಹಿಂಡಿ ಎನ್ನುವ ಶೇಂಗಾ ಚಟ್ನಿಪುಡಿ, ಹೊಸ ತೊಗರಿ ಬಂದಾಗ ಬೇಳೆ. ನಮ್ಮ ಕಡೆ ಇದನ್ನು ಲಂಚವೆಂದು ಯಾರೂ ಎಣಿಸುವುದಿಲ್ಲ. ಮಗಳಿಗೆ ವಿದ್ಯೆ ಕೊಡುವವರಿಗೆ ಮನೆಯ ಊಟ ಮುಟ್ಟಬೇಕು, ಅಷ್ಟೆ. ನಮ್ಮ ಮನೆಯಿಂದಲೂ ನನ್ನ ಮೇಡಂ ಮನೆಗೆ ಭೂಸನೂರ ಕಡೆಯ ಬೆಲ್ಲ ಹೋಗುತ್ತಿತ್ತು.

ಮೊದಲ ವರ್ಷ ಅವಳು ಗಂಟನ್ನು ಮುಟ್ಟಿಸಿದಳು. ಎರಡನೆಯ ವರ್ಷ ಅದು ನಮ್ಮ ಕೋಣೆಯಲ್ಲೇ ಉಳಿಯತೊಡಗಿತು.

"ಇದು ನಿಮ್ಮ ಸರ್ ಗಂಟು ಅಲ್ಲೇನಬೇ?" ಎಂದೆ.

"ಸುಮ್ನ ಉಣ್ಣಬೇ. ಇವತ್ತಿಗೆ ನೀನ ನನ್ನ ಗೈಡ್."

ನಕ್ಕೆವು. ಆಚೆ ಕೋಣೆಯವರೂ ಬಂದು ತಿಂದರು. ಸಂಜೆ ಊರಿಂದ ಅವ್ವನ ಫೋನು: "ಸರ್ ಏನಂದ್ರವಾ?"

"ಚಲೋ ಆಗ್ಯಾವಂದ್ರು ಯವ್ವಾ. ಹಿಂಡಿ ಒಂದೀಟು ಖಾರ ಆಗ್ಯದಂತ."

ಮುಂದಿನ ಸಲ ಸರ್ ಗಂಟಿನ ಹಿಂಡಿಗೆ ಅವ್ವ ಖಾರ ಕಡಿಮೆ ಹಾಕಿದ್ದಳು. ಅದನ್ನು ಬಾಯಿಗಿಟ್ಟುಕೊಂಡ ಗೆಳತಿ ಅಳತೊಡಗಿದಳು. ನನಗೆ ಎಲ್ಲ ಹೇಳಿದ್ದು ಆವತ್ತು.

ಬರೆದ ಅಧ್ಯಾಯ ತೋರಿಸಲು ಹೋದರೆ ಸರ್ ಬಾಗಿಲು ಮುಚ್ಚಿಬಿಡುತ್ತಿದ್ದರು. ಹಾಳೆ ತಿರುವುವ ನೆಪದಲ್ಲಿ ಕೈ ಹಿಡಿಯುತ್ತಿದ್ದರು, ಬೆನ್ನ ಮೇಲೆ ಕೈಯಿಟ್ಟು ತೆಗೆಯುತ್ತಿರಲಿಲ್ಲ. ಕೊನೆಗೆ, ಮನೆಯಲ್ಲಿ ಯಾರೂ ಇಲ್ಲದ ಭಾನುವಾರ ಬಂದರೆ ಸಹಿ ಮಾಡುತ್ತೇನೆ ಎಂದಿದ್ದರು.

"ಊರಾಗ ಗೊತ್ತಾದ್ರ ಅಪ್ಪ ಮರುದಿನಾನ ಬಂದು ಕರ್ಕೊಂಡು ಹೋಗ್ತಾನ. ಅಲ್ಲಿಗಿ ನನ್ನ ಓದು ಮುಗೀತು," ಎಂದಳು. ಹಾಗಾಗಿ ಮನೆಗೆ ತಿಳಿಸದೆಯೇ ದೂರು ಸಮಿತಿಗೆ ಬರೆದುಕೊಟ್ಟಳು. ಓದು ಉಳಿಯಬೇಕು, ಸರ್ ಬದಲಾಗಬೇಕು. ಅವಳು ಕೇಳಿದ್ದು ಇಷ್ಟೇ.

ವಿಚಾರಣೆಯ ದಿನ ಸಾಕ್ಷಿಯೆಂದು ನನ್ನನ್ನೂ ಕರೆದರು. ಸರ್ ಕೈಯಲ್ಲೊಂದು ಚೀಲವಿತ್ತು. ಅದರಿಂದ ಸ್ಟೀಲ್ ಡಬ್ಬಿ ತೆಗೆದು ಮೇಜಿನ ಮೇಲಿಟ್ಟರು. ಮುಚ್ಚಳದ ಮೇಲೆ ಗೆಳತಿಯ ಅಪ್ಪನ ಹೆಸರು ಕೊರೆದಿತ್ತು.

"ಮೊನ್ನೆ ಎಳ್ಳಮವಾಸಿಗಿ ಇವಳ ತಾಯಿ ನಮ್ಮ ಮನಿಗೆ ಹಬ್ಬದಡಗಿ ಕಳಿಸ್ಯಾರ. ಡಬ್ಬಿ ಕೊಟ್ಟು ಹೋಗೂಣಂತ ತಂದೀನಿ. ಖಾಲಿ ಡಬ್ಬಿ ಕೊಡಬಾರದಲ್ರಿ, ಅದಕ್ಕ ಸಕ್ಕರಿ ಹಾಕಿಸೀನಿ."

ಗೆಳತಿ ಡಬ್ಬಿಯನ್ನೇ ನೋಡುತ್ತಿದ್ದಳು. ಅದು ಅಲ್ಲಿಗೆ ಹೇಗೆ ಬಂತೆಂದು ಅವಳಿಗೂ ಗೊತ್ತಿರಲಿಲ್ಲ. ಸಮಿತಿಯ ಹಿರಿಯ ಮೇಡಂ ಕೆಟ್ಟವರಲ್ಲ, ಮೆತ್ತಗೇ ಕೇಳಿದರು: "ಕಾಟ ಕೊಟ್ಟವರ ಮನಿಗೆ ಹಬ್ಬದೂಟ ಯಾರರ ಕಳಿಸ್ತಾರೇನವಾ?"

"ನಮ್ಮವ್ವಗ ಇದೇನೂ ಗೊತ್ತಿಲ್ರಿ."

"ಹಂಗಾದ್ರ ಅವರನ್ನೂ ಕರಸೂಣು."

"ಬ್ಯಾಡ್ರಿ ಮೇಡಂ."

ಆ ಎರಡು ಮಾತನ್ನು ಸಮಿತಿಯವರು ಬೇರೆಯೇ ರೀತಿ ಅರ್ಥ ಮಾಡಿಕೊಂಡರು ಎಂದು ಈಗ ಅನಿಸುತ್ತದೆ. ಆಗ ಹಾಗನಿಸಿತ್ತೋ ಇಲ್ಲವೋ, ಹೇಳಲಾರೆ.

ನನ್ನ ಸರದಿ ಬಂದಾಗ, ಬಹಳ ದಿನಗಳಿಂದ ಅವಳು ಬುತ್ತಿ ಮುಟ್ಟಿಸುತ್ತಿರಲಿಲ್ಲ, ನಾವೇ ತಿನ್ನುತ್ತಿದ್ದೆವು ಎಂದೆ. ಯಾವಾಗಿನಿಂದ ಎಂದು ಕೇಳಿದರು. ಹಿಂದಿನ ರಾತ್ರಿ ದಿನಚರಿಯನ್ನೆಲ್ಲ ತಿರುವಿ ನೋಡಿದ್ದೆ. ಒಂದು ಕಡೆ "ಹಿಂಡಿಗೆ ಖಾರ ಸಾಲದು" ಎಂದಿತ್ತು, ಬೇರೇನೂ ಇರಲಿಲ್ಲ. "ದೀಪಾವಳಿಯಿಂದ ಇರಬಹುದು, ಅದಕ್ಕೂ ಮೊದಲೂ ಇರಬಹುದು," ಎಂದೆ. "ಅಂದ್ರ ಗುರುಗಳ ರೊಟ್ಟಿ ನೀವು ಹೊಡದೀರಿ," ಎಂದರು ಒಬ್ಬರು. ನನ್ನ ನೆನಪಿನಲ್ಲಿ ಎಲ್ಲರೂ ನಗುತ್ತಾರೆ. ನಕ್ಕದ್ದು ಆ ಒಬ್ಬರೇ ಎಂದು ಗೆಳತಿ ಹೇಳುತ್ತಾಳೆ.

ಆರೋಪಕ್ಕೆ ಸಾಕಷ್ಟು ಆಧಾರವಿಲ್ಲವೆಂದು ಬರೆದು ಮುಗಿಸಿದರು. ಬೇಕಿದ್ದರೆ ಗೈಡ್ ಬದಲಿಸಿಕೊಳ್ಳಬಹುದು ಎಂದರು. ಅವಳು ವಿಭಾಗದ ಒಬ್ಬೊಬ್ಬರ ಬಾಗಿಲಿಗೂ ಹೋದಳು. ಯಾರಲ್ಲೂ ಜಾಗ ಖಾಲಿ ಇರಲಿಲ್ಲ. ಈಗ ಅವಳು ಜೇವರ್ಗಿಯ ಒಂದು ಖಾಸಗಿ ಶಾಲೆಯಲ್ಲಿ ಪಾಠ ಹೇಳುತ್ತಾಳೆ. ಸರ್ ಅದೇ ಕೋಣೆಯಲ್ಲಿದ್ದಾರೆ.

ಹಾಸ್ಟೆಲ್ ಬಿಟ್ಟ ದಿನ ಅವಳ ಟ್ರಂಕು ಹಿಡಿದುಕೊಂಡು ನಾನೂ ಅವಳ ಊರಿಗೆ ಹೋದೆ. ಸಾಮಾನು ತೆಗೆಯುತ್ತ ಅವ್ವನ ಕೈಗೆ ಆ ಡಬ್ಬಿ ಸಿಕ್ಕಿತು.

"ಸಕ್ಕರಿ ಯಾರು ಹಾಕ್ಯಾರ ಇದರಾಗ?"

ಅಪ್ಪ ಹೊಲಕ್ಕೆ ಹೋಗಿದ್ದ. ಗೆಳತಿ ಒಲೆಯ ಮುಂದೆ ಕೂತು ಎಲ್ಲ ಹೇಳಿದಳು. ಅವ್ವ ಅಳಲಿಲ್ಲ, ಬೈಯಲೂ ಇಲ್ಲ. ತನ್ನದನ್ನು ಹೇಳಿದಳು. ಹೊಲದಲ್ಲಿ ಭೂಮಿತಾಯಿಗೆ ಎಡೆ ಚೆಲ್ಲುವ ಎಳ್ಳಮವಾಸಿ ಹತ್ತಿರ ಬಂದಾಗ ಸರ್ ತಾವಾಗಿ ಫೋನ್ ಮಾಡಿದ್ದರಂತೆ. ದೂರಿನ ಮಾತೇ ಎತ್ತದೆ, "ಯಾಕ್ರಿ ಅವ್ವಾರ, ಭಾಳ ದಿನಾತು, ನಿಮ್ಮ ರೊಟ್ಟಿ ಕಂಡಿಲ್ಲ, ಸಿಟ್ಟಾಗೀರೇನು?" ಎಂದಿದ್ದರಂತೆ. ಮಗಳು ದಾರಿಯಲ್ಲೇ ತಿಂದು ಸುಳ್ಳು ಹೇಳಿದ್ದಾಳೆಂದು ಅವ್ವನಿಗೆ ನಾಚಿಕೆಯಾಗಿತ್ತು. ಮಗಳನ್ನು ಕೇಳದೆ ಅಫಜಲಪುರದಿಂದ ಬರುವ ಬಸ್ಸಿನ ಕಂಡಕ್ಟರನ ಕೈಯಲ್ಲಿ ಗಂಟು ಕಳಿಸಿದ್ದಳು.

"ಅವ ಉಂಡನೇನು?" ಎಂದು ಕೇಳಿದಳು.

"ಉಂಡಾನಬೇ ಯವ್ವಾ."

"ಹೊಲದಾಗ ಚರಗ ಚೆಲ್ಲೂಕಿಂತ ಮದಲ ತಗದಿಟ್ಟಿದ್ದೆ. ಭೂಮ್ತಾಯಿಗಿಂತ ಮದಲ ಅವಗ."

ಅವ್ವ ಡಬ್ಬಿ ತೆಗೆದುಕೊಂಡು ಹಿತ್ತಲಿಗೆ ಹೋದಳು, ಸಕ್ಕರೆಯನ್ನು ಬಚ್ಚಲಿಗೆ ಸುರಿದು ನೀರು ಬಿಟ್ಟಳು. ಆಮೇಲೆ ಬೂದಿ ಹಚ್ಚಿ ತಿಕ್ಕತೊಡಗಿದಳು. ಡಬ್ಬಿ ಹಸನಾಗಿ ಬಹಳ ಹೊತ್ತಾಗಿತ್ತು. ಹೆಸರು ಕೊರೆದ ಗೀರುಗಳೊಳಗೆ ಕಡ್ಡಿ ಹಾಕಿ ಇನ್ನೂ ಕೆರೆಯುತ್ತಲೇ ಇದ್ದಳು. ಗೆಳತಿ ಹೋಗಿ ಪಕ್ಕದಲ್ಲಿ ಕೂತಳು, ಸಾಕು ಬಿಡು ಎಂದು ಅವ್ವನನ್ನು ತಡೆಯಲಿಲ್ಲ.