ಅಡಾಜಣ್‌ನ ಕುಂಡದಲ್ಲಿ ಮುಳುಗಿದ ಯುದ್ಧನೌಕೆ

ಅನಂತ ಚತುರ್ದಶಿ ಕಳೆದ ಮೊದಲ ಭಾನುವಾರ, ಬೆಳಿಗ್ಗೆ ಹತ್ತು ಗಂಟೆ. ಸ್ಥಳ: ಸೂರತ್‌ನ ಅಡಾಜಣ್‌ನಲ್ಲಿ ಅಕ್ಕನ ಮನೆಯಿರುವ ವಸತಿ ಸೊಸೈಟಿಯ ಅಂಗಳ. ಹಾಜರಿದ್ದವರು: ಅಕ್ಕ, ಭಾವ, ನಾನು, ವಡೋದರಾದಿಂದ ಬಂದಿದ್ದ ನಮ್ಮ ಕನ್ನಡ ಬಳಗದ ಕಾರ್ಯದರ್ಶಿ ಮೇಡಂ, ಬಳಗದ ಸಂಸಾರಗಳು, ಅವರ ಮಕ್ಕಳು. ಬಾಲ್ಕನಿಗಳಲ್ಲಿ ನಿಂತಿದ್ದ ಗುಜರಾತಿ ನೆರೆಯವರನ್ನು ನಾನು ಲೆಕ್ಕಕ್ಕೆ ಹಿಡಿದಿರಲಿಲ್ಲ. ಅದು ತಪ್ಪಾಯಿತು.

ನೌಕಾಪಡೆಯಲ್ಲಿ ಹಡಗುಗಳ ಒಡಲು ರಿಪೇರಿ ಮಾಡಿ ನಿವೃತ್ತನಾದವನು ನಾನು. ಹಾಗಾಗಿ ಸಮುದ್ರದಲ್ಲಿ ಮುಳುಗಿಹೋದ ಯುದ್ಧನೌಕೆಗಳ ಬಗ್ಗೆ ಮಕ್ಕಳಿಗೆ ಮಾತನಾಡಬೇಕೆಂದು ಬಳಗದವರು ಕೇಳಿದ್ದರು. ಭಾಷಣದ ಕೊನೆಗೆ ಭಾವ ಕಟ್ಟಿದ ಮಾದರಿ ಹಡಗನ್ನು ನೀರಿಗಿಳಿಸುವುದು. ಪಿತೃಪಕ್ಷದಲ್ಲಿ ಹೊಸ ಹಡಗು ಇಳಿಸಬಾರದೆಂದು ಹಿರಿಯರೊಬ್ಬರು ತಕರಾರು ತೆಗೆದರು. ಮುಳುಗಿದವರನ್ನು ನೆನೆಯಲು ಇದಕ್ಕಿಂತ ಯೋಗ್ಯವಾದ ಪಕ್ಷ ಪಂಚಾಂಗದಲ್ಲೇ ಇಲ್ಲವೆಂದೆ. ಅವರು ಒಪ್ಪಿ ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡರು.

ನೀರಿಗೆ ತೊಂದರೆ ಇರಲಿಲ್ಲ. ಗಣಪತಿ ವಿಸರ್ಜನೆಗೆಂದು ಸೊಸೈಟಿಯವರು ಟಾರ್ಪಾಲಿನ್ ಹಾಸಿ ಮಾಡಿಸಿದ್ದ ಪುಟ್ಟ ಕೊಳದಂಥ ಕುಂಡ ಅಂಗಳದಲ್ಲೇ ಇತ್ತು. ಕೆಸರು ತೆಗೆಸಿ, ತೊಳೆಸಿ, ಹೊಸ ನೀರು ತುಂಬಿಸಿದ್ದೆ.

ಆ ಹಡಗು ತೇಲಲೇಬೇಕಿತ್ತು. ಭಾವನಿಗಿಂತ ಅಕ್ಕನಿಗೆ ಅದು ಹೆಚ್ಚು ಜರೂರಾಗಿತ್ತು. ಭಾವ ಉಧ್ನಾದ ನೇಯ್ಗೆ ಕಾರ್ಖಾನೆಯಲ್ಲಿ ಮಗ್ಗಗಳ ಉಸ್ತುವಾರಿ ನೋಡುವ ಮಾಸ್ತರರಾಗಿದ್ದವರು. ನಿವೃತ್ತಿಯ ಶಾಲು ಹೊದಿಸಿಕೊಂಡು ಮನೆಗೆ ಬಂದ ಮರುದಿನದಿಂದ ಅಡುಗೆಮನೆಯನ್ನೇ ಕಾರ್ಖಾನೆ ಮಾಡಿಕೊಂಡಿದ್ದರು. ಒಗ್ಗರಣೆಗೆ ಸಾಸಿವೆ ಯಾವಾಗ ಬೀಳಬೇಕು, ಚಪಾತಿಯ ಅಂಚು ಯಾಕೆ ಸಮ ಬಂದಿಲ್ಲ, ಎಲ್ಲಕ್ಕೂ ಅವರ ತಪಾಸಣೆ. ಕಾರ್ಯದರ್ಶಿ ಮೇಡಂ ವಡೋದರಾದಲ್ಲಿ ಪ್ರತಿ ಭಾನುವಾರ ಮಕ್ಕಳಿಗೆ ಕೈಕೆಲಸದ ತರಗತಿ ನಡೆಸಲು ಮಾಸ್ತರರನ್ನು ಹುಡುಕುತ್ತಿದ್ದರು. ಹಡಗು ನೋಡಿ ತೀರ್ಮಾನಿಸುವುದಾಗಿ ಹೇಳಿದ್ದರು. ಬೆಳಗಿನ ರೈಲಿಗೆ ಹೋದರೆ ಭಾವ ಮನೆ ಸೇರುವುದು ದೀಪ ಹಚ್ಚಿದ ಮೇಲೆ ಎಂಬುದನ್ನು ಅಕ್ಕ ಆಗಲೇ ವಿಚಾರಿಸಿ ಇಟ್ಟುಕೊಂಡಿದ್ದಳು.

"ನನಗೆ ವಾರಕ್ಕೊಂದು ದಿನ ಸಾಕು ಕಣೋ," ಅಂದಿದ್ದಳು. "ಆ ಒಂದು ದಿನ ಸಾಸಿವೆ ಸುಟ್ಟರೂ ಕೇಳೋರು ಇರಬಾರದು."

ಹಡಗು ನಿಜಕ್ಕೂ ಚೆಂದವಿತ್ತು. ಪ್ಲೈವುಡ್ಡಿನ ಒಡಲು, ಸೂರತ್ ಸೀರೆಯ ತುಂಡುಗಳ ಹಾಯಿ, ಪಾಲಿಯೆಸ್ಟರ್ ನೂಲಿನ ಹಗ್ಗಗಳು, ಪಕ್ಕದಲ್ಲಿ ಫಿರಂಗಿ ಕಿಂಡಿಗಳು. ಕಿಂಡಿಗಳಲ್ಲಿ ಹಳೆ ಮಗ್ಗಗಳಿಂದ ಬಿಚ್ಚಿದ ಬೋಲ್ಟುಗಳೇ ಫಿರಂಗಿ. ಶುಕ್ರವಾರ ನಾನು ಅಕ್ಕನ ಬಾಲ್ಕನಿಯ ಹೂಕುಂಡಗಳಿಂದ ದುಂಡುಗಲ್ಲುಗಳನ್ನು ತಂದು ಒಡಲಿನ ತಳದಲ್ಲಿ ಹಾಸಿ, ಸ್ನಾನದ ಟಬ್ಬಿನಲ್ಲಿ ತೇಲಿಸಿ ನೋಡಿದ್ದೆ. ಭಾರ ಕೆಳಗಿದ್ದರೆ ಹಡಗು ಬಾಗಿದರೂ ಎದ್ದು ನಿಲ್ಲುತ್ತದೆ. ನಿಂತಿತ್ತು.

ಭಾನುವಾರ ಬಟ್ಟೆ ಸರಿಸಿ ನೋಡಿದರೆ ಹಡಗಿನ ರೂಪವೇ ಬೇರೆ. ಮೇಲಂತಸ್ತಿನಲ್ಲಿ ಇನ್ನೊಂದು ಸಾಲು ಬೋಲ್ಟುಗಳು ಬಂದಿದ್ದವು. ಬಳಗದವರು ತಂದ ಹಳದಿ ಕೆಂಪು ಬಾವುಟ ಕಂಬದ ತುದಿಯಲ್ಲಿತ್ತು. ಯಾರೋ ಹಿತ್ತಾಳೆಯ ಪುಟ್ಟ ಗಂಟೆ ಕಟ್ಟಿದ್ದರು, ಇನ್ಯಾರೋ ಚೆಂಡುಹೂವಿನ ಹಾರ. ಬಂದವರು ಪ್ರೀತಿಯಿಂದ ತಂದದ್ದನ್ನು ಬೇಡವೆನ್ನಲು ಭಾವನಿಗೆ ಬಾಯಿ ಬಂದಿರಲಿಲ್ಲ.

"ಕೆಳಗಿನ ಕಲ್ಲುಗಳು ಇವೆ ತಾನೆ ಭಾವ?" ಎಂದೆ ಮೆತ್ತಗೆ.

"ತೆಗೆದುಬಿಟ್ಟೆ ಮಾರಾಯ. ಹೊಟ್ಟೇಲಿ ಕಲ್ಲು ತುಂಬಿಕೊಂಡು ಯಾವುದಾದರೂ ತೇಲುತ್ತೇನೋ? ಇಷ್ಟು ವರ್ಷ ನೌಕಾಪಡೇಲಿ ಅದೇನು ಮಾಡಿದೆಯೋ ನೀನು."

ಸುತ್ತಲಿದ್ದವರು ನಕ್ಕರು. ಅಕ್ಕ ನನ್ನತ್ತ ನೋಡಿದಳು. ನಾಲ್ಕು ಜನರ ಎದುರು ಅಕ್ಕನ ಗಂಡನಿಗೆ ತಿದ್ದಿ ಹೇಳುವ ಪದ್ಧತಿ ನಮ್ಮ ಮನೆತನದಲ್ಲಿಲ್ಲ. ಹೇಳಿದರೆ ಅವರು ಮುನಿಸಿಕೊಂಡು ವಡೋದರಾವನ್ನೇ ಬೇಡವೆನ್ನುತ್ತಾರೆ. ಹೇಳದಿದ್ದರೆ ಹಡಗು ಮುಳುಗುತ್ತದೆ.

ಕೊನೆಗೆ ಭಾಷಣದಲ್ಲೇ ಸೂಚಿಸುವುದೆಂದು ನಿಶ್ಚಯಿಸಿದೆ. ಬೇರೆ ನೌಕೆಗಳನ್ನೆಲ್ಲ ಬದಿಗಿಟ್ಟು ಒಂದೇ ಕಥೆ ಹೇಳಿದೆ. ಸುಮಾರು ನಾನೂರು ವರ್ಷಗಳ ಹಿಂದೆ ಉತ್ತರದ ಚಳಿ ದೇಶದ ರಾಜನೊಬ್ಬ ಭಾರೀ ಯುದ್ಧನೌಕೆ ಕಟ್ಟಿಸಿದ. ಎರಡು ಅಂತಸ್ತು ಫಿರಂಗಿ, ಮೈತುಂಬ ಕೆತ್ತನೆಯ ಬೊಂಬೆ. ಕೆಳಗೆ ಕಲ್ಲು ಸಾಲದು. ಬಂದರಿನಲ್ಲೇ ನಾವಿಕರನ್ನು ಆ ಬದಿಯಿಂದ ಈ ಬದಿಗೆ ಓಡಿಸಿ ಪರೀಕ್ಷಿಸಿದರು. ಹಡಗು ತೂಗಾಡಿದ ರೀತಿಗೆ ಹೆದರಿ ಪರೀಕ್ಷೆಯನ್ನು ನಿಲ್ಲಿಸಿದರು, ರಾಜನಿಗೆ ಹೇಳುವ ಧೈರ್ಯ ಯಾರಿಗೂ ಬರಲಿಲ್ಲ. ಮೊದಲ ಯಾನದಲ್ಲೇ, ಊರಿನವರೆಲ್ಲ ದಡದಲ್ಲಿ ನಿಂತು ನೋಡುತ್ತಿರುವಾಗ, ಸಣ್ಣ ಗಾಳಿಗೆ ಅದು ಮಗುಚಿತು. ತೆರೆದ ಫಿರಂಗಿ ಕಿಂಡಿಗಳಿಂದ ನೀರು ನುಗ್ಗಿತು.

ಹೇಳುವಷ್ಟು ಹೊತ್ತೂ ಭಾವನ ಮುಖವನ್ನೇ ನೋಡುತ್ತಿದ್ದೆ. ಅವರು ತಲೆದೂಗಿದರು.

"ಪಾಪ," ಎಂದರು, "ರಾಜನಿಗೆ ಒಳ್ಳೆ ಮಾಸ್ತರ ಸಿಗಲಿಲ್ಲ."

ನಂತರ ಅಕ್ಕ ಕುಂಕುಮವಿಟ್ಟು ಕುಂಡದ ಅಂಚಿಗೆ ತೆಂಗಿನಕಾಯಿ ಒಡೆದಳು. ಭಾವ ಎರಡೂ ಕೈಯಿಂದ ಹಡಗನ್ನು ನೀರಿಗಿಟ್ಟು ಮೆಲ್ಲನೆ ನೂಕಿದರು. ಅದು ನೆಟ್ಟಗೇ ಹೊರಟಿತು. ಮೇಡಂ ಚಪ್ಪಾಳೆ ತಟ್ಟಿದರು. ಅಷ್ಟರಲ್ಲಿ ತಾಪಿ ನದಿಯ ಕಡೆಯಿಂದ ಒಂದಿಷ್ಟು ಗಾಳಿ ಬಂತು. ಸೀರೆಯ ಹಾಯಿ ಉಬ್ಬಿತು. ಗಂಟೆ ಒಮ್ಮೆ ಠಣ್ ಎಂದಿತು. ಹಡಗು ಬಾಗಿತು, ಕಿಂಡಿಗಳಿಂದ ನೀರು ಕುಡಿಯಿತು, ಮಗುಚಿ ತಳ ಸೇರಿತು. ಚೆಂಡುಹೂವಿನ ಹಾರ ಮಾತ್ರ ಮೇಲೆ ತೇಲುತ್ತಿತ್ತು.

ಆಗ ಬಾಲ್ಕನಿಗಳಿಂದ ದೊಡ್ಡ ದನಿ ಎದ್ದಿತು: "ಗಣಪತಿ ಬಾಪ್ಪಾ ಮೋರಯಾ!" ಕುಂಕುಮ, ತೆಂಗಿನಕಾಯಿ, ಹಾರ, ಅದೇ ಕುಂಡ. ಯಾರದೋ ಗಣಪತಿ ತಡವಾಗಿ ಹೊರಟಿದ್ದಾನೆ ಎಂದುಕೊಂಡಿದ್ದರು. ಮೂರನೇ ಮಹಡಿಯ ಮುದುಕಿಯೊಬ್ಬರು ಕೈಮುಗಿದು, ಸೆರಗಿನಿಂದ ಕಣ್ಣೊರೆಸಿಕೊಂಡರು.

ಭಾವನ ಮುಖ ನೋಡಲಾಗಲಿಲ್ಲ. ಅಕ್ಕ ಅದಾಗಲೇ ತನ್ನ ಭಾನುವಾರಗಳಿಗೆ ಎಳ್ಳುನೀರು ಬಿಟ್ಟವಳಂತೆ ನಿಂತಿದ್ದಳು. ಆದರೆ ಮಕ್ಕಳು ಕುಂಡದ ಸುತ್ತ ಕುಣಿಯುತ್ತಿದ್ದರು. "ಫರೀಥಿ! ಫರೀಥಿ!" ಇನ್ನೊಮ್ಮೆ ಮಾಡಿ ಎಂದು, ಗುಜರಾತಿಯಲ್ಲಿ. ಮೇಡಂ ನಗು ತಡೆಯುತ್ತಿದ್ದವರು ಗಂಭೀರರಾದರು. ಕನ್ನಡದಲ್ಲಿ ಹೇಳಿದ ಕಥೆ ಈ ಮಕ್ಕಳಿಗೆ ಇಷ್ಟು ಸ್ಪಷ್ಟವಾಗಿ ಅರ್ಥವಾದದ್ದನ್ನು ತಾವು ಎಂದೂ ಕಂಡಿಲ್ಲವೆಂದರು. ಕಥೆ ಮುಗಿದ ಕೂಡಲೇ ಮುಳುಗಿಸಿ ತೋರಿಸುವ ಉಪಾಯ ಯಾರದೆಂದು ಕೇಳಿದರು.

ಭಾವ ಒಂದು ಕ್ಷಣ ನನ್ನನ್ನು ನೋಡಿದರು. ಆಮೇಲೆ ಎದೆ ಸೆಟೆಸಿ ಹೇಳಿದರು: "ನನ್ನದೇ. ಕಲ್ಲು ತೆಗೆದದ್ದೇ ಅದಕ್ಕೆ."

ತರಗತಿ ನಿಗದಿಯಾಯಿತು. ಮುಂದಿನ ಭಾನುವಾರದಿಂದಲೇ ಆರಂಭ. ಅಕ್ಕ ಉಳಿದ ತೆಂಗಿನಕಾಯಿಯನ್ನು ಎಲ್ಲರಿಗೂ ಹಂಚುತ್ತ ಬಂದಳು. ನನಗೆ ಎರಡು ಚೂರು ಹೆಚ್ಚು ಕೊಟ್ಟಳು.

ಜನ ಚದುರಿದ ಮೇಲೆ ನಾನು ಪಂಚೆ ಎತ್ತಿ ಕಟ್ಟಿ ಕುಂಡಕ್ಕಿಳಿದೆ. ಹಡಗನ್ನು ಎತ್ತಿ, ನೀರು ಬಸಿದು, ನೆರಳಿನಲ್ಲಿ ಒಣಗಲಿಟ್ಟೆ. ಭಾವ ಪಕ್ಕಕ್ಕೆ ಬಂದು ಬೋಲ್ಟುಗಳನ್ನು ಒಂದೊಂದಾಗಿ ಒರೆಸತೊಡಗಿದರು.

"ಭಾನುವಾರ ನೀನೂ ಬಾ," ಎಂದರು, ನನ್ನ ಕಡೆ ನೋಡದೆ. "ಕಲ್ಲು ಹಾಕೋಕೆ ಒಬ್ಬರು ಬೇಕಲ್ಲ."

ನನ್ನ ಭಾನುವಾರಗಳೂ ಹೋದವು. ಬರುತ್ತೇನೆ ಎಂದೆ. ಭಾವ ತೆಗೆದಿಟ್ಟಿದ್ದ ದುಂಡುಗಲ್ಲುಗಳು ಮನೆಯ ಚಪ್ಪಲಿ ಗೂಡಿನ ಹಿಂದೆ ಸಿಕ್ಕವು. ಅರ್ಧದಷ್ಟನ್ನು ತೊಳೆದು ಅಕ್ಕನ ಹೂಕುಂಡಗಳಿಗೆ ಮರಳಿಸಿದೆ, ಉಳಿದವನ್ನು ಬಟ್ಟೆಯ ಚೀಲಕ್ಕೆ ತುಂಬಿ, ಬಾಯಿ ಬಿಗಿದು, ವಡೋದರಾಕ್ಕೆಂದು ಬಾಗಿಲ ಬಳಿ ಇಟ್ಟೆ.