ಗೋಲಿನ ಹಿಂದೆ ನಿಂತವನು

ಮೊನ್ನೆ ಭಾನುವಾರ ಕುಣಿಗಲ್ ಬಸ್ಸಿನಲ್ಲಿ ಮುಂದಿನ ಸೀಟಿನ ಅಜ್ಜಿಯೊಬ್ಬರು ಸಣ್ಣ ಡಬ್ಬಿ ತೆಗೆದು ಮಂಡಿಗೆ ನೋವಿನ ಮುಲಾಮು ಹಚ್ಚಿಕೊಳ್ಳತೊಡಗಿದರು. ಅಕ್ಕಪಕ್ಕದವರು ಆ ಘಾಟಿಗೆ ಮೂಗು ಮುಚ್ಚಿಕೊಂಡರು. ನಾನೊಬ್ಬ ಮಾತ್ರ ಉಸಿರು ಎಳೆದುಕೊಂಡೆ. ನಿಮಗೆ ಮಲ್ಲಿಗೆ ಮೂಸಿದರೆ ಯಾರದೋ ನೆನಪಾಗಬಹುದು. ನನ್ನ ಯೌವನ ನನಗೆ ನೆನಪಾಗುವುದು ಮುಲಾಮಿನ ವಾಸನೆಗೆ. ಏನು ಮಾಡುವುದು, ಫುಟ್‌ಬಾಲಿನಲ್ಲಿ ಗೋಲ್‌ಕೀಪರ್ ಆಗಿದ್ದವನ ಹಣೆಬರಹವೇ ಅಷ್ಟು.

ಗೋಲ್‌ಕೀಪರ್ ಆಗಲೇಬೇಕೆಂದು ಹಟ ಹಿಡಿದು ಯಾರೂ ಆಗುವುದಿಲ್ಲ. ದಪ್ಪಗಿದ್ದವನನ್ನೋ ಓಡಲಾರದವನನ್ನೋ ಅಲ್ಲಿ ನಿಲ್ಲಿಸುತ್ತಾರೆ. ನನ್ನನ್ನು ನಿಲ್ಲಿಸಿದ್ದಕ್ಕೆ ಕಾರಣ ಬೇರೆ. ತುಮಕೂರಿನ ನಮ್ಮ ಬೀದಿಯ ಹುಡುಗರು ಆಡುತ್ತಿದ್ದ ಖಾಲಿ ಜಾಗದಲ್ಲಿ, ಒಂದು ಕಡೆಯ ಗೋಲಿನ ಹಿಂದೆಯೇ ನಮ್ಮ ಮನೆಯ ಕಾಂಪೌಂಡು. ಚೆಂಡು ಒಳಗೆ ಬಿದ್ದರೆ ನಮ್ಮಜ್ಜಿಯ ಕೈಯಿಂದ ಅದನ್ನು ವಾಪಸು ತರುವ ಧೈರ್ಯ ಬೇರೆ ಯಾರಿಗೂ ಇರಲಿಲ್ಲ. "ಇನ್ನೊಂದ್ಸಲ ಬಂದ್ರೆ ಈಳಿಗೆಮಣೇಲಿ ಹೆಚ್ಚಿ ಸಾರಿಗೆ ಹಾಕ್ಬಿಡ್ತೀನಿ" ಎಂದು ಅಜ್ಜಿ ಗುಡುಗುತ್ತಿದ್ದಳು. ಮೊಮ್ಮಗನಾದ ನನಗೆ ಒಂದು ಮೊಟಕು ಕೊಟ್ಟು ಚೆಂಡನ್ನೂ ಕೊಡುತ್ತಿದ್ದಳು. ಹಾಗಾಗಿ ಆ ಕಡೆ ಯಾವ ಟೀಮು ಆಡಿದರೂ ಗೋಲಿನಲ್ಲಿ ನಾನೇ. ಮೊಟಕು ತಪ್ಪಿಸಿಕೊಳ್ಳಲೆಂದು ಹಾರಿ ಹಾರಿ ಹಿಡಿಯುವುದನ್ನು ಕಲಿತೆ. ನೋಡಿದವರು ಪ್ರತಿಭೆ ಎಂದರು.

ಹಾರುವುದೇನೋ ಸುಲಭ, ಬೀಳುವುದು ಕಷ್ಟ. ನಮ್ಮ ಕಡೆಯ ಮೈದಾನಗಳಲ್ಲಿ ಹುಲ್ಲು ಇರುವುದು ಗೋಡೆಯ ಪಕ್ಕದಲ್ಲಿ, ದನಕ್ಕೆ ಅನುಕೂಲವಾಗುವ ಹಾಗೆ. ಉಳಿದದ್ದೆಲ್ಲ ಗರಸು. ಅದರ ಮೇಲೆ ಬಿದ್ದು ಬಿದ್ದು ಜಿಲ್ಲಾ ತಂಡ ಸೇರಿದೆ. ಒಮ್ಮೆ ರಾಜ್ಯ ತಂಡಕ್ಕೂ ಆಯ್ಕೆಯಾದೆ. ಅಲ್ಲಿ ಇಡೀ ಟೂರ್ನಿ ಬೆಂಚಿನ ಮೇಲೆ ಕೂತಿದ್ದೆ. ಕೂತಿದ್ದಕ್ಕೂ ಒಂದು ಸರ್ಟಿಫಿಕೇಟ್ ಕೊಟ್ಟರು, ಅದು ಈಗಲೂ ನನ್ನ ಗಡಿಯಾರ ರಿಪೇರಿ ಅಂಗಡಿಯ ಗೋಡೆಯ ಮೇಲಿದೆ. ಬಂದವರು ಓದಿ ತಲೆದೂಗುತ್ತಾರೆ, ನಾನು ಬೆಂಚಿನ ವಿಷಯ ಎತ್ತುವುದಿಲ್ಲ. ಆಮೇಲೆ ಮಂಡಿ ಕೈಕೊಟ್ಟಿತು. ಈಗ ಮಸೀದಿಯಲ್ಲೂ ಕುರ್ಚಿಯ ಮೇಲೆ ಕೂತೇ ನಮಾಜು ಮಾಡುತ್ತೇನೆ.

ಆಡಲಾಗದವನು ಆಡಿಸಲಿ ಎಂದು ನಮ್ಮ ಕ್ಲಬ್ಬಿನವರು ಕೋಚ್ ಮಾಡಿದರು. ಕೋಚ್ ಎಂಬುವವನು ಮೈದಾನದ ನಡುಗೆರೆಯ ಹತ್ತಿರ ಬೆಂಚಿನ ಪಕ್ಕ ನಿಲ್ಲಬೇಕು, ಅದು ಪದ್ಧತಿ. ಒಂದೆರಡು ಸಲ ಅಲ್ಲಿ ನಿಂತು ನೋಡಿದೆ, ಆಟದ ತಲೆಬುಡ ತಿಳಿಯಲಿಲ್ಲ. ಬದಿಯಿಂದ ನೋಡಿದರೆ ಎಲ್ಲ ಸುಮ್ಮನೆ ಓಡಾಡುತ್ತಿರುವಂತೆ ಕಂಡಿತು. ಸೀದಾ ನಮ್ಮ ಗೋಲಿನ ಬಲೆಯ ಹಿಂದೆ ಹೋಗಿ ನಿಂತೆ. ಆಗ ಎಲ್ಲವೂ ಅರ್ಥವಾಯಿತು. ಅಂದಿನಿಂದ ಅದೇ ನನ್ನ ಜಾಗ. ಹಾಫ್‌ಟೈಮಿನಲ್ಲಿ ಟೀಮುಗಳು ಕಡೆ ಬದಲಾಯಿಸಿದಾಗ ಟೀ ಫ್ಲಾಸ್ಕು ಹಿಡಿದು ನಾನೂ ಮೈದಾನದುದ್ದಕ್ಕೂ ಕುಂಟುತ್ತಾ ಆ ತುದಿಗೆ ಹೊರಡುತ್ತಿದ್ದೆ. ಜನ ಅದನ್ನು ನೋಡಿ ನಗುತ್ತಿದ್ದರು.

ಅಲ್ಲಿಂದ ಕೀಪರ್‌ಗೆ, ಬ್ಯಾಕ್ ಆಡುವವರಿಗೆ ಒಂದೇ ಸಮ ಹೇಳುತ್ತಿರುತ್ತಿದ್ದೆ. ನಮ್ಮ ಟೀಮಿಗೆ ಗೋಲು ಹೊಡೆಯುವುದು ಯಾರಿಂದಲೂ ಆಗುತ್ತಿರಲಿಲ್ಲ. ನಾವೂ ಹೊಡೆಯುತ್ತಿರಲಿಲ್ಲ, ಅದು ಬೇರೆ ಮಾತು. ಗುಬ್ಬಿಯಲ್ಲೊಮ್ಮೆ ನನ್ನ ಬೆನ್ನ ಹಿಂದೆಯೇ ಒಬ್ಬ ಹೇಳಿದ: "ಇವ್ರ ಮ್ಯಾಚ್ ನೋಡೋದ್ಕಿಂತ ತೆಂಗಿನ್ ಸಸಿ ಬೆಳೆಯೋದ್ ನೋಡ್ತಾ ಕೂರೋದು ವಾಸಿ ಕಣ್ಲಾ." ನನಗೆ ಕೋಪವೇನೂ ಬರಲಿಲ್ಲ. ತೆಂಗು ಬೆಳೆಸಿದವನಿಗೆ ಗೊತ್ತು, ಅದೂ ಒಂದು ಕೆಲಸವೇ.

ಆ ದಿನಗಳಲ್ಲಿ ನಮ್ಮ ಫಾರ್ವರ್ಡ್ ಮಂಜ. ಕೊತ್ತಗೆರೆಯ ರೈತರ ಮನೆಯವನು, ತುಮಕೂರಿಗೆ ಕಾಲೇಜು ಓದಲು ಬಂದು ನಮ್ಮ ಟೀಮು ಸೇರಿದವನು. ಕಾಲು ನೆಲಕ್ಕೆ ತಾಗದಂತೆ ಓಡುತ್ತಿದ್ದ. ಒಂದು ದಿನ ನೇರವಾಗಿ ಕೇಳಿಬಿಟ್ಟ.

"ಸಾರ್, ನೀವು ಯಾವಾಗ್ಲೂ ಅಲ್ಲೇ ನಿಂತಿರ್ತೀರ. ನಾವು ಮುಂದ್ಗಡೆ ಏನ್ ಮಾಡ್ತಿದೀವಿ ಅಂತ ನಿಮ್ಗೆ ಹೆಂಗ್ ಕಾಣ್ಬೇಕು?"

"ಗೋಲ್ ಹೊಡೆಯೋನ್ನ ನೋಡೋಕೆ ಊರೇ ಇದೆ ಕಣಯ್ಯ. ಹೊಡೆಸ್ಕೊಳ್ಳೋನ್ನ ನೋಡೋಕೆ ಯಾರವ್ರೆ?" ಎಂದೆ.

ಅವನು ನಕ್ಕುಬಿಟ್ಟ. ನನ್ನ ಮಾತು ಸುಳ್ಳೂ ಆಗಿರಲಿಲ್ಲ. ಗೋಲು ಬಿಟ್ಟ ಕೀಪರ್‌ನ ಒಂಟಿತನ ಎಂಥದ್ದೆಂದು ನನಗೆ ಗೊತ್ತು. ಹತ್ತು ಜನ ತಲೆ ಬಗ್ಗಿಸಿಕೊಂಡು ದೂರ ಹೊರಟುಬಿಡುತ್ತಾರೆ, ಅವನೊಬ್ಬನೇ ತಿರುಗಿ ಬಲೆಯಿಂದ ಚೆಂಡು ತೆಗೆಯಬೇಕು. ಆ ಹೊತ್ತಿನಲ್ಲಿ ಬಲೆಯ ಆಚೆ ಒಬ್ಬ ಮನುಷ್ಯ ಇರಲಿ ಎನ್ನುವುದಷ್ಟೇ ನನ್ನ ಕೋಚಿಂಗು.

ಹೀಗೆ ವರ್ಷಗಳು ಹೋದವು. ಮಂಜ ಆಟ ಬಿಟ್ಟು ಪಿ.ಇ. ಮೇಷ್ಟ್ರಾದ, ಸಂಜೆ ಹೊತ್ತು ಬಂದು ನನಗೆ ಸಹಾಯ ಮಾಡುತ್ತಿದ್ದ. ನಾನು ದಿನಾ ಅಂಗಡಿ ಮುಚ್ಚಿ ಮೈದಾನಕ್ಕೆ ಹೋಗುವುದು, ಕತ್ತಲಾದ ಮೇಲೆ ಗೋಡೆ ಹಿಡಿದು ಮನೆಯ ಮೆಟ್ಟಿಲು ಹತ್ತುವುದು. "ಸುಸ್ತಾಯ್ತಾ?" ಎಂದು ಹೆಂಡತಿ ಕೇಳುತ್ತಾಳೆ. "ಎಂಥಾ ಸುಸ್ತು?" ಎನ್ನುತ್ತೇನೆ. ನಿಜ ಹೇಳಬೇಕೆಂದರೆ, ಬೆಳಿಗ್ಗೆ ಏಳುವಾಗಲೇ ನನಗೆ ಸುಸ್ತು.

ಹೋದ ವಾರ ನಂಜುಂಡಪ್ಪನವರು ಅಂಗಡಿಗೆ ಬಂದರು. ಗುಬ್ಬಿಯಲ್ಲಿ ಕೊಬ್ಬರಿ ವ್ಯಾಪಾರ ಮಾಡುವ ಇವರು ನಮ್ಮ ಕ್ಲಬ್ಬಿನ ಅಧ್ಯಕ್ಷರು. ಗಡಿಯಾರ ತಂದಿರಲಿಲ್ಲ. ಸುಮ್ಮನೆ ಸ್ಟೂಲಿನ ಮೇಲೆ ಕೂತರು.

"ಭಾಯ್, ಬೇಜಾರ್ ಮಾಡ್ಕೋಬೇಡಿ. ಹುಡುಗ್ರು ಗೋಲ್ ಹೊಡೀಬೇಕು, ಗೆಲ್ಬೇಕು ಅಂತವ್ರೆ. ಮಂಜ ಕೋಚಿಂಗ್ ಕೋರ್ಸ್ ಮಾಡ್ಕೊಂಡ್ ಬಂದವ್ನೆ. ಟೀಮು ಅವ್ನಿಗ್ ಒಪ್ಪಿಸ್ಬುಡಿ. ನೀವು ಸಲಹೆಗಾರ್ರಾಗಿ ಇರಿ."

ಸಲಹೆಗಾರ ಎಂದರೆ ನಿಮಗೆ ಗೊತ್ತಲ್ಲ, ಟೀ ಹಂಚುವಾಗ ಮಾತ್ರ ನೆನಪಾಗುವವನು. ಬಿಟ್ಟುಬಿಡಬೇಕು ಎಂದು ನಾನೇ ಎಷ್ಟೋ ಸಲ ಅಂದುಕೊಂಡಿದ್ದೆ. ಆದರೆ ಬೇರೆಯವರು ಬಾಯಿಬಿಟ್ಟು ಹೇಳಿದಾಗ ಅವಮಾನವಾಯಿತು. ಈ ಹುಡುಗರ ವಿಷಯ ನನಗಿಂತ ಚೆನ್ನಾಗಿ ಇನ್ಯಾರಿಗೆ ಗೊತ್ತು ಎಂದು ಹೊಟ್ಟೆ ಉರಿಯಿತು. "ಭಾನುವಾರ ಕುಣಿಗಲ್ ಮ್ಯಾಚ್ ಆಗ್ಲಿ, ಅಲ್ಲೇ ಹೇಳ್ತೀನಿ" ಎಂದೆ. ಆಗುವುದಿಲ್ಲ ಎನ್ನಲು ಮನಸ್ಸಿನಲ್ಲೇ ಮಾತು ಜೋಡಿಸಿಟ್ಟಿದ್ದೆ.

ಭಾನುವಾರ ಅಂಗಡಿಗೆ ಬಂದ ಗಿರಾಕಿಯೊಬ್ಬ ತಡ ಮಾಡಿಸಿದ್ದರಿಂದ ಟೀಮಿನ ವ್ಯಾನು ತಪ್ಪಿತು. ಹಾಗೆ ಹತ್ತಿದ್ದೇ ಆ ಮುಲಾಮಿನ ಬಸ್ಸು. ಕುಣಿಗಲ್‌ನಲ್ಲಿ ಇಳಿದಾಗ ಮ್ಯಾಚ್ ಶುರುವಾಗಿತ್ತು. ಆಟೋದವನು ಹಿಂದಿನ ಗೇಟಿನಲ್ಲಿ ಇಳಿಸಿ ಹೋದ. ಒಳಗೆ ಬಂದರೆ ಎದುರಿಗೇ ಕುಣಿಗಲ್‌ನವರ ಗೋಲು. ನಮ್ಮ ಗೋಲು ಆ ತುದಿಯಲ್ಲಿ. ನಡುಗೆರೆಯ ಹತ್ತಿರ ಮಂಜ ಕೈ ಬೀಸುತ್ತಾ ಟೀಮು ನಡೆಸುತ್ತಿದ್ದ, ನಾನಿಲ್ಲದೆ ಏನೂ ನಿಂತಿರಲಿಲ್ಲ. ಸ್ವಲ್ಪ ಸುಧಾರಿಸಿಕೊಂಡು ಹೋಗೋಣವೆಂದು ಗೋಲಿನ ಹಿಂದಿನ ಹೊಂಗೆಮರದಡಿ ಕೂತೆ.

ಆಗ ಚೆಂಡು ಈ ಕಡೆ ಬಂತು. ಅದರ ಹಿಂದೆ ಒಬ್ಬ ಹುಡುಗ ಹಲ್ಲು ಕಚ್ಚಿ, ಕಣ್ಣು ಅಗಲಿಸಿ, ನನ್ನ ಮೇಲೇ ಬರುವವನಂತೆ ನುಗ್ಗಿದ. ನಮ್ಮ ಅಂಗಿಯೇ. ಯಾರಿವನು, ಹೊಸಬನೇ? ಹೊಡೆತ ಹೊರಗೆ ಹೋಯಿತು, ಅವನು ತಲೆ ಚಚ್ಚಿಕೊಂಡು ತಿರುಗಿದ. ಬೆನ್ನು ಕಂಡ ಕೂಡಲೇ ಗೊತ್ತಾಯಿತು. ನಮ್ಮ ಸತೀಶ! ದಿನಾ ನನ್ನಿಂದ ಬೈಸಿಕೊಳ್ಳುವ ಸತೀಶ. ಬೈಸಿಕೊಳ್ಳುವಾಗಿನ ಮುಖ ನನಗೆ ಗೊತ್ತಿತ್ತು. ಗೋಲು ಬೇಕೇಬೇಕು ಎನ್ನುವಾಗಿನ ಮುಖವನ್ನು ನಾನು ಇವನದಿರಲಿ, ನಮ್ಮವರಲ್ಲಿ ಯಾರದೂ ನೋಡಿರಲಿಲ್ಲ. ಆಡುವಾಗಲೂ ಆಡಿಸುವಾಗಲೂ ಕಂಡಿದ್ದೆಲ್ಲ ನಮ್ಮವರ ಬೆನ್ನುಗಳೇ.

ಹಾಫ್‌ಟೈಮ್ ಆಯಿತು. ಕಡೆ ಬದಲಾಗಿ ನಮ್ಮ ಕೀಪರ್ ಇಮ್ರಾನ್ ನಾನು ಕೂತಲ್ಲಿಗೇ ಬಂದ. ಏಳುವ ಅಗತ್ಯವೇ ಇರಲಿಲ್ಲ. ಆದರೂ ಎದ್ದೆ.

"ಎಲ್ಲಿಗ್ ಸಾರ್? ನಾನಿಲ್ಲೇ ಇದೀನಲ್ಲ!"

"ನೀನು ಇದೀಯಲ್ಲ, ಅದ್ಕೇ ಹೊರಟೆ" ಎಂದೆ.

ಆ ತುದಿ ತಲುಪುವಷ್ಟರಲ್ಲಿ ಮಂಡಿ ಉರಿಯುತ್ತಿತ್ತು. ಕುಣಿಗಲ್‌ನವರ ಬಲೆಯ ಹಿಂದೆ ನಿಂತೆ. ಬಹಳ ಹೊತ್ತಾದ ಮೇಲೆ ಸತೀಶ ಮತ್ತೆ ಬಂದ, ಅದೇ ಮುಖ. ಹೊಡೆದ. ಹಾಳಾದ ನನ್ನ ಕೈಗಳು ತಡೆಯಲೆಂದು ತಾವಾಗಿಯೇ ಮೇಲೆದ್ದವು. ಬಲೆ ಸರ್ರೆಂದು ಉಬ್ಬಿ ನನ್ನ ಮೂಗಿನವರೆಗೆ ಬಂತು, ಎದೆ ಧಸಕ್ಕೆಂದಿತು. ಹುಟ್ಟಿದಾಗಿನಿಂದ ಆ ಸದ್ದು ನನಗೆ ಕೆಟ್ಟ ಸುದ್ದಿಯೇ. ಇದು ನಮ್ಮ ಗೋಲು ಎಂದು ತಿಳಿಯಲು ಕೊಂಚ ಹೊತ್ತೇ ಬೇಕಾಯಿತು. ತಿಳಿದ ಮೇಲೆ ಕಣ್ಣು ತುಂಬಿಕೊಂಡವು.

ಮ್ಯಾಚ್ ಮುಗಿದ ಮೇಲೆ ನಂಜುಂಡಪ್ಪನವರು ಹುಡುಕಿಕೊಂಡು ಬಂದರು. "ಈ ಕಡೆ ಏನ್ ಮಾಡ್ತಿದೀರ ಭಾಯ್?"

"ಮ್ಯಾಚ್ ನೋಡ್ದೆ. ಟೀಮು ಮಂಜಂಗೆ ಕೊಟ್ಬುಡಿ" ಎಂದೆ. ಜೋಡಿಸಿಟ್ಟಿದ್ದ ಮಾತು ಒಂದೂ ನೆನಪಾಗಲಿಲ್ಲ.

ಈಗ ಇದನ್ನು ಬರೆಯುತ್ತಿರುವಾಗ ಸಂಜೆಯಾಗಿದೆ, ಪ್ರಾಕ್ಟೀಸಿನ ಹೊತ್ತು. ನಾನು ಮನೆಯಲ್ಲೇ ಇರುವುದು ಹೆಂಡತಿಗೆ ಗಾಬರಿ. ಎರಡು ಸಲ ಅಡುಗೆಮನೆಯಿಂದ ಇಣುಕಿದಳು. ಕೊನೆಗೆ ಬಂದು ಹಣೆ ಮುಟ್ಟಿ ನೋಡಿ ಕೇಳಿದಳು, "ಯಾಕೆ, ಸುಸ್ತಾ?"

"ಹೂಂ" ಎಂದೆ. "ತುಂಬಾ ಸುಸ್ತಾಗಿದೆ."

ಅವಳು ದಿಂಬು ತಂದು ನನ್ನ ಕಾಲ ಕೆಳಗಿಟ್ಟು, ಪಕ್ಕದಲ್ಲೇ ಕೂತಳು.